ತವರಿಗೆ ಬಂದ ಮಗಳನ್ನು ಒಂದು ಮಾತು ಕೇಳಿ

ಕೇಳುಗರಿಗೆ ನಮಸ್ಕಾರ.

ಇವತ್ತಿನ ವಿಷಯ ಶುರುವಾದ ಕೂಡಲೇ ಕೆಲವರ ಮನೆಯಲ್ಲಿ ರೇಡಿಯೋ ದನಿ ಸಣ್ಣದು ಮಾಡಬಹುದು. ದಯವಿಟ್ಟು ಮಾಡಬೇಡಿ. ಗಂಡ ಹೆಂಡತಿಯ ಮೇಲೆ, ಅಥವಾ ಜೊತೆಗಿರುವ ಗಂಡಸು ಜೊತೆಗಿರುವ ಹೆಣ್ಣಿನ ಮೇಲೆ ಮಾಡುವ ಲೈಂಗಿಕ ಬಲವಂತದ ಬಗ್ಗೆ ಮಾತಾಡುತ್ತೇನೆ. ಅತ್ತೆ, ಸೊಸೆ, ಮಗ, ಅಪ್ಪ ಎಲ್ಲರೂ ಕೂತು ಕೇಳಬೇಕಾದ ಮಾತಿದು.

ನಾನು ಬಾಗಲಕೋಟೆ ಜಿಲ್ಲೆಯಲ್ಲಿ ನರ್ಸ್ ಆಗಿ ಬಹಳ ವರ್ಷ ಕೆಲಸ ಮಾಡಿದವಳು. ಜಾಸ್ತಿ ಕಾಲ ಹೆರಿಗೆ ವಾರ್ಡಿನಲ್ಲೇ ಕಳೆದೆ. ಅಲ್ಲಿ ಕಲಿತ ದೊಡ್ಡ ಪಾಠ ಅಂದರೆ, ಈ ವಿಷಯವನ್ನು ಹೆಣ್ಣುಮಕ್ಕಳು ಮುಚ್ಚಿಡುತ್ತಾರೆ ಅಂತ ನಾವೆಲ್ಲ ಅಂದುಕೊಂಡಿದ್ದೇವೆ, ಆದರೆ ಅವರನ್ನು ಯಾರೂ ಸರಿಯಾಗಿ ಕೇಳಿಯೇ ಇರುವುದಿಲ್ಲ. ಕೇಳಿದರೆ ಹೇಳುತ್ತಾರೆ. ಎಲ್ಲರೂ ಅಲ್ಲ, ಮೊದಲ ಸಲಕ್ಕೇ ಅಲ್ಲ. ಆದರೆ ಹೇಳುತ್ತಾರೆ.

ಒಬ್ಬ ಹೆಣ್ಣುಮಗಳ ಬಗ್ಗೆ ಹೇಳುತ್ತೇನೆ. ಊರು, ಹೆಸರು ಬೇಡ. ಬಿಳಿ ಹೋಗುತ್ತದೆ, ಟೊಂಕ ನೋಯುತ್ತದೆ, ಕಿಬ್ಬೊಟ್ಟೆ ಹಿಡಿದುಕೊಳ್ಳುತ್ತದೆ ಅಂತ ಮತ್ತೆ ಮತ್ತೆ ಆಸ್ಪತ್ರೆಗೆ ಬರುತ್ತಿದ್ದಳು. ಪ್ರತಿ ಸಲವೂ ಮಾತ್ರೆ ಕೊಡುತ್ತಿದ್ದೆವು. ಇಂಥ ಸೋಂಕಿಗೆ ಗಂಡ ಹೆಂಡತಿ ಇಬ್ಬರೂ ಮಾತ್ರೆ ನುಂಗಬೇಕು, ಮುಗಿಯುವ ತನಕ ಕೂಡಬಾರದು ಅಂತ ಹೇಳಿ ಕಳಿಸುತ್ತಿದ್ದೆವು. ಅವಳು ತಲೆ ಆಡಿಸುತ್ತಿದ್ದಳು. ಮತ್ತೆ ಅದೇ ನೋವು ತಗೊಂಡು ಬರುತ್ತಿದ್ದಳು. ಪಕ್ಕದಲ್ಲಿ ಯಾವಾಗಲೂ ಅತ್ತೆ. ನಾವು ಕೇಳಿದ್ದಕ್ಕೆಲ್ಲ ಅತ್ತೆಯದೇ ಉತ್ತರ. ಒಂದು ಸಲ ಅತ್ತೆಯನ್ನು ಚೀಟಿ ಮಾಡಿಸಿಕೊಂಡು ಬರ್ರಿ ಅಂತ ಹೊರಗೆ ಕಳಿಸಿದೆ. ಬಾಗಿಲು ಮುಂದೆ ಮಾಡಿ, ಅವಳ ಹತ್ತಿರ ಸ್ಟೂಲ್ ಎಳೆದುಕೊಂಡು ಕೂತು ಕೇಳಿದೆ: "ಯವ್ವಾ, ರಾತ್ರಿ ನೀ ಒಲ್ಲೆ ಅಂದ್ರ ಅವರು ಸುಮ್ನಿರ್ತಾರೇನು?"

ಸ್ವಲ್ಪ ಹೊತ್ತು ಸೆರಗಿನ ತುದಿ ಸುತ್ತುತ್ತಾ ಕೂತಳು. ಆಮೇಲೆ ಅಂದಳು, "ಒಲ್ಲೆ ಅಂದ್ರ ಕೇಳೂದಿಲ್ರಿ ಅಕ್ಕಾರ. ಬಾಯಿ ಒತ್ತಿ ಹಿಡೀತಾರ. ಮಕ್ಕಳು ಎಚ್ಚರಾಗ್ತಾವ ಅಂತ ಈಗ ನಾನ ಸುಮ್ನಾಗಿಬಿಡ್ತೀನ್ರಿ."

ಗಂಡ ಮಾತ್ರೆ ನುಂಗುತ್ತಿರಲಿಲ್ಲ, ಬಿಡುತ್ತಲೂ ಇರಲಿಲ್ಲ. ಹಾಗಾದರೆ ಆ ಸೋಂಕು ವಾಸಿಯಾಗುವುದು ಹೇಗೆ? ಅಷ್ಟು ಸಲ ಬಂದರೂ ಅವಳ ಕೇಸ್ ಪೇಪರಿನ ಮೇಲೆ ಈ ಒಂದು ಮಾತು ಎಲ್ಲೂ ಇರಲಿಲ್ಲ.

ಇದು ಎಲ್ಲೋ ಒಬ್ಬಿಬ್ಬರ ಕಥೆ ಅಂದುಕೊಳ್ಳಬೇಡಿ. 2019ರಿಂದ 21ರವರೆಗೆ ನಡೆದ ಐದನೇ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಲೆಕ್ಕ ನೋಡಿ. ಕರ್ನಾಟಕದಲ್ಲಿ ಮದುವೆಯಾದ, 18ರಿಂದ 49 ವಯಸ್ಸಿನ ಹೆಣ್ಣುಮಕ್ಕಳಲ್ಲಿ ಶೇ 44.4ರಷ್ಟು ಮಂದಿ ಗಂಡನಿಂದ ಹಿಂಸೆ ಅನುಭವಿಸಿದ್ದೇವೆ ಅಂದಿದ್ದಾರೆ. ಹೊಡೆತ ಬಡಿತ, ಲೈಂಗಿಕ ಹಿಂಸೆ ಎರಡೂ ಸೇರಿದ ಲೆಕ್ಕ ಇದು. ದೇಶದ ಸರಾಸರಿ 29.3. ಅದರ ಹಿಂದಿನ ಸಮೀಕ್ಷೆಯಲ್ಲಿ ನಮ್ಮದು 20.6 ಇತ್ತು. ಬಿಹಾರವನ್ನೂ ಹಿಂದೆ ಹಾಕಿದ್ದೇವೆ. ನಡುವಿನ ನಾಲ್ಕೈದು ವರ್ಷದಲ್ಲಿ ಹಿಂಸೆ ಹೆಚ್ಚಾಯಿತೋ, ಹೇಳುವವರು ಹೆಚ್ಚಾದರೋ, ಎರಡೂ ಇರಬಹುದು. ಹೇಗೇ ಇರಲಿ, ಸುಮ್ಮನೆ ಕೂರುವಂಥ ಅಂಕಿ ಅಲ್ಲ ಇದು.

ಲೈಂಗಿಕ ಹಿಂಸೆ ಒಂದನ್ನೇ ತಗೊಂಡರೆ ದೇಶದಲ್ಲಿ ಶೇ 6ರಷ್ಟು ಹೆಂಡತಿಯರು ಹೌದು ಅಂದಿದ್ದಾರೆ. ಅಷ್ಟೇನಾ ಅನ್ನಿಸಬಹುದು. ನೂರು ಮನೆಯ ಹಳ್ಳಿಯಲ್ಲಿ ಆರು ಮನೆ ಅಂತ ಎಣಿಸಿ ನೋಡಿ. ನಿಜದ ಸಂಖ್ಯೆ ಇದಕ್ಕಿಂತ ಜಾಸ್ತಿ ಅನ್ನುವುದು ನನ್ನ ಅನುಭವದ ಮಾತು. ಆ ಸಮೀಕ್ಷೆಯವರು ಕೇಳುವ ರೀತಿ ಒಳ್ಳೆಯದಿದೆ. ಒಂದು ಮನೆಯಲ್ಲಿ ಒಬ್ಬಳನ್ನೇ ಕೇಳುತ್ತಾರೆ, ಒಂಟಿಯಾಗಿದ್ದಾಗ ಕೇಳುತ್ತಾರೆ. ನಿನಗೆ ಬೇಡವಾದಾಗ ಗಂಡ ಮೈಮೇಲೆ ಬಲ ಹಾಕಿ ಕೂಡಿದ್ದಾನಾ, ಹೆದರಿಸಿ ಒಪ್ಪಿಸಿದ್ದಾನಾ ಅಂತ ಬಿಡಿಸಿ ಕೇಳುತ್ತಾರೆ. ಅಷ್ಟಾದರೂ ಮೊದಲ ಸಲ ಮುಖ ನೋಡಿದ ಹೊರಗಿನವರ ಮುಂದೆ ಎಷ್ಟು ಜನ ಬಾಯಿ ಬಿಟ್ಟಾರು? ಅದೇ ಸಮೀಕ್ಷೆಯ ಪ್ರಕಾರ ಹಿಂಸೆ ಅನುಭವಿಸಿದವರಲ್ಲಿ ಸಹಾಯ ಕೇಳಿದವರು ಶೇ 14 ಮಾತ್ರ. ಶೇ 77 ಮಂದಿ ಸಹಾಯವನ್ನೂ ಕೇಳಿಲ್ಲ, ಯಾರಿಗೂ ಹೇಳಿಯೂ ಇಲ್ಲ. ತಾಯಿಗೂ ಇಲ್ಲ, ಅಕ್ಕನಿಗೂ ಇಲ್ಲ.

ಕುಡಿತದ ಮಾತು ಇಲ್ಲೇ ಹೇಳಿಬಿಡುತ್ತೇನೆ. ಅವನು ಒಳ್ಳೆಯವನೇ, ಕುಡಿದಾಗ ಮಾತ್ರ ಹಿಂಗ ಅನ್ನುವುದನ್ನು ನಾನು ತಾಯಂದಿರ ಬಾಯಲ್ಲಿ ಬಹಳ ಕೇಳಿದ್ದೇನೆ. ಗಂಡ ಪದೇಪದೇ ಕುಡಿದು ಬರುವ ಮನೆಗಳಲ್ಲಿ ಸುಮಾರು ಶೇ 70ರಷ್ಟು ಹೆಂಡತಿಯರು ಹಿಂಸೆ ಉಂಡಿದ್ದಾರೆ, ಅದು ನಿಜ. ಆದರೆ ಗಂಡ ಹನಿಯೂ ಮುಟ್ಟದ ಮನೆಗಳಲ್ಲೂ ಶೇ 23ರಷ್ಟು ಮಂದಿ ಉಂಡಿದ್ದಾರೆ. ಸೆರೆ ಅಂಗಡಿ ಮುಚ್ಚಿಸಿದರೆ ಅರ್ಧ ಕೆಲಸ ಆದೀತು. ಉಳಿದರ್ಧ, ಮದುವೆ ಆಯಿತು ಅಂದರೆ ಅವಳ ಮೈ ನನ್ನದು ಅನ್ನುವ ತಿಳುವಳಿಕೆಯಲ್ಲಿದೆ.

ಇದರಿಂದ ಏನೇನು ಆಗುತ್ತದೆ ಅನ್ನುವುದನ್ನು ವಾರ್ಡಿನಲ್ಲಿ ಕಣ್ಣಾರೆ ನೋಡಿದ್ದೇನೆ. ಬೇಡದ ಬಸಿರು ನಿಲ್ಲುತ್ತದೆ. ತೆಗೆಸಲು ಗುಟ್ಟಾಗಿ ಏನೇನೋ ಮಾತ್ರೆ ನುಂಗಿ ರಕ್ತ ಹೋಗುವಾಗ ನಮ್ಮ ಹತ್ತಿರ ಬರುತ್ತಾರೆ. ಬಾಣಂತನ ಮುಗಿಯುವ ಮೊದಲೇ ಬಲವಂತ ಆಗಿ ಹೊಲಿಗೆ ಬಿಚ್ಚಿದ್ದನ್ನು ನೋಡಿದ್ದೇನೆ. ನಿರೋಧ್ ಹಾಕು ಅಂದರೆ ಅನುಮಾನ ಪಟ್ಟು ಹೊಡೆಯುತ್ತಾನೆ ಅಂತ, ಬಸಿರು ತಡೆಯಲು ಮೂರು ತಿಂಗಳಿಗೊಮ್ಮೆ ಕೊಡುವ ಅಂತರಾ ಇಂಜೆಕ್ಷನ್ ಹಾಕಿಸಿಕೊಂಡು ಅದರ ಕಾರ್ಡನ್ನು ಮನೆಗೆ ಒಯ್ಯದೆ ನರ್ಸ್ ಕೈಯಲ್ಲೇ ಬಿಟ್ಟು ಹೋಗುವವರಿದ್ದಾರೆ. ಗಂಡ ಅಥವಾ ಸಂಗಾತಿಯಿಂದ ಹಿಂಸೆ ಉಂಡವರಲ್ಲಿ ಮನಸ್ಸಿನ ಖಿನ್ನತೆ ಉಳಿದವರಿಗಿಂತ ಹತ್ತಿರ ಹತ್ತಿರ ಎರಡು ಪಟ್ಟು, ಗರ್ಭ ತೆಗೆಸಿಕೊಳ್ಳುವುದೂ ಎರಡು ಪಟ್ಟು, ತೂಕ ಕಡಿಮೆಯ ಕೂಸು ಹುಟ್ಟುವ ಸಂಭವ ಶೇ 16ರಷ್ಟು ಜಾಸ್ತಿ ಅಂತ ವಿಶ್ವ ಆರೋಗ್ಯ ಸಂಸ್ಥೆ 2013ರಲ್ಲೇ ಹೇಳಿದೆ. ನಿದ್ದೆ ಬರುವುದಿಲ್ಲ, ಸಂಜೆಯಾದರೆ ಎದೆ ಡವಡವ ಅನ್ನುತ್ತದೆ, ಮೈಯೆಲ್ಲ ಉರಿಯುತ್ತದೆ ಅಂತ ಬರುವ ಹೆಣ್ಣುಮಕ್ಕಳಿಗೆ ನಾವು ಬರೀ ಟಾನಿಕ್ ಬರೆದು ಕಳಿಸುತ್ತೇವೆ, ಅಲ್ವಾ? ಸಂಜೆಯಾದರೆ ಯಾಕೆ ಅಂತ ಕೇಳಬೇಕಿತ್ತು.

ಮದುವೆ ಆಗದ ಸಂಬಂಧಗಳಲ್ಲೂ ಇದೇ ಪಾಡು. ಮುಧೋಳ, ಜಮಖಂಡಿ ತಾಲ್ಲೂಕಿನ ಹಳ್ಳಿಗಳಲ್ಲಿ ಕರ್ನಾಟಕ ಹೆಲ್ತ್ ಪ್ರಮೋಷನ್ ಟ್ರಸ್ಟಿನವರು ಸಂವೇದನಾ ಪ್ಲಸ್ ಅಂತ ಒಂದು ಕೆಲಸ ಮಾಡಿದರು. ಲೈಂಗಿಕ ವೃತ್ತಿಯಲ್ಲಿರುವ ಹೆಣ್ಣುಮಕ್ಕಳಿಗೆ ಗಿರಾಕಿಗಳಿಂದ ಆಗುವ ತೊಂದರೆ ಎಲ್ಲರಿಗೂ ಗೊತ್ತು. ಇವರು ನೋಡಿದ್ದು ಅವರ ಮನೆಗೆ ಖಾಯಂ ಬಂದು ಹೋಗುವ, ಅವರು ತನ್ನವನು ಅಂದುಕೊಂಡ ಗಂಡಸಿನ ಹಿಂಸೆಯನ್ನು. ಗಿರಾಕಿಗೆ ನಿರೋಧ್ ಹಾಕು ಅನ್ನಲು ಕಲಿತವಳಿಗೆ ಇವನ ಮುಂದೆ ಆ ಮಾತು ಹೊರಡುವುದಿಲ್ಲ. ಎಚ್‌ಐವಿ ಜಾಸ್ತಿ ಇದ್ದ ನಮ್ಮ ಜಿಲ್ಲೆಯಲ್ಲಿ ಇದು ಜೀವದ ಪ್ರಶ್ನೆ.

ಇನ್ನು ನಮ್ಮ ಭಾಗದ ಒಂದು ಸಂಕಟ ಹೇಳಬೇಕು. ಬೆಳಗಾವಿ, ಬಾಗಲಕೋಟೆ, ವಿಜಯಪುರ, ಈ ಮೂರೂ ಕಡೆ ಹದಿನೆಂಟು ತುಂಬದ ಹುಡುಗಿಯರ ಮದುವೆ ಇನ್ನೂ ನಿಂತಿಲ್ಲ. ಅದರಲ್ಲೂ ಸೋದರಮಾವನಿಗೆ ಕೊಡುವುದು ರೂಢಿ. ಮನೆಯೊಳಗಿನ ಹುಡುಗ, ಕಣ್ಣಮುಂದೆ ಬೆಳೆದವನು, ಮಗಳು ಸುಖವಾಗಿರುತ್ತಾಳೆ ಅಂತ ಕೊಡುತ್ತಾರೆ. ಆ ಹುಡುಗಿಯ ಜಾಗದಲ್ಲಿ ನಿಂತು ನೋಡಿ. ಗಂಡ ತಾಯಿಯ ತಮ್ಮ. ಅತ್ತೆ ಅಂದರೆ ಎತ್ತಿ ಆಡಿಸಿದ ಅಜ್ಜಿ. ರಾತ್ರಿ ಆದದ್ದನ್ನು ತಾಯಿಗೆ ಹೇಳಿದರೆ ತಾಯಿ ತನ್ನ ತಮ್ಮನ ಮೇಲೇ ದೂರು ಕೇಳಬೇಕು. ತವರು ಗಂಡನ ಮನೆ ಎರಡೂ ಒಂದೇ ಆದಾಗ ಅವಳು ಓಡಿ ಬರುವುದು ಎಲ್ಲಿಗೆ? ಇಂಥ ಹುಡುಗಿಯರೇ ನನಗೆ ಎಲ್ಲರಿಗಿಂತ ಮೌನವಾಗಿ ಕಂಡವರು.

ನಮ್ಮ ಹಿರಿಯರಿಗೆ ಹೆಣ್ಣಿನ ಮೈಗೆ ಬಿಡುವು ಬೇಕು ಅನ್ನುವುದು ಗೊತ್ತಿತ್ತು. ಬಾಣಂತನಕ್ಕೆ ಮೂರು ತಿಂಗಳು, ಐದು ತಿಂಗಳು ತವರಿನಲ್ಲಿ ಇಟ್ಟುಕೊಳ್ಳುವುದು ಅದಕ್ಕೇ ಅಂತ ನಾನು ನಂಬಿದ್ದೇನೆ. ಹಾಗೇ ಪಂಚಮಿ ಹಬ್ಬ. ಅಣ್ಣ ಹೋಗಿ ಕರೆದುಕೊಂಡು ಬರುತ್ತಾನೆ, ಜೋಕಾಲಿ ಕಟ್ಟುತ್ತಾರೆ, ಉಂಡಿ ಕಟ್ಟುತ್ತಾರೆ. ಹಬ್ಬ ಮುಗಿದು ಕಳಿಸುವ ದಿನ ಮಗಳು ಇನ್ನೊಂದೆಂಟು ದಿನ ಇರ್ತೀನಿ ಅಂದರೆ, ತಾಯಂದಿರೇ, ತವರಿನ ಮೋಹ ಅಂತ ಹಗುರ ಮಾಡಬೇಡಿ. ಮೈ ಮುಟ್ಟಿದರೆ ಬೆಚ್ಚುತ್ತಾಳಾ, ಗಂಡನ ಫೋನ್ ಬಂದರೆ ಮುಖ ಬಾಡುತ್ತದಾ, ಹೋಗುವ ದಿನ ಹತ್ತಿರ ಬಂದಂತೆ ಜ್ವರ, ಹೊಟ್ಟೆನೋವು ಶುರುವಾಗುತ್ತದಾ ನೋಡಿ. ಅಡುಗೆಮನೆಯಲ್ಲಿ ಇಬ್ಬರೇ ಇದ್ದಾಗ ಕೇಳಿ. ಅಳಿಯ ಚೆನ್ನಾಗಿ ನೋಡ್ಕೋತಾನಾ ಅಂತ ಕೇಳಿದರೆ ಹೂಂ ಅನ್ನುತ್ತಾಳೆ. ನೀ ಒಲ್ಲೆ ಅಂದ್ರ ಕೇಳ್ತಾನೇನು ಅಂತ ಕೇಳಿ.

ಅವಳು ಹೇಳಿದ ಮೇಲೆ ಹೊಂದಿಕೊಂಡು ಹೋಗು ಅನ್ನಬೇಡಿ. ನಾವೆಲ್ಲ ಹಂಗ ಬಾಳೇವು ಮಾಡೀವಿ ಅನ್ನಬೇಡಿ. ಆ ಒಂದು ಮಾತಿನಿಂದ ಅವಳ ಬಾಯಿ ಜನ್ಮಕ್ಕೆ ಮುಚ್ಚುತ್ತದೆ. ನಿನ್ನ ತಪ್ಪಲ್ಲ ಅಂತ ಹೇಳಿ. ಏನು ಮಾಡೋಣ ಅಂತ ಅವಳನ್ನೇ ಕೇಳಿ. ಅಣ್ಣತಮ್ಮಂದಿರು ಸಿಟ್ಟಿಗೆದ್ದು ಅಳಿಯನನ್ನು ಬಡಿಯಲು ಹೋಗುವುದೂ ಬೇಡ, ಆ ಏಟು ತಿರುಗಿ ಅವಳ ಮೈಮೇಲೇ ಬೀಳುತ್ತದೆ.

ಕಾನೂನು ಏನು ಹೇಳುತ್ತದೆ? ಇಲ್ಲಿ ನನಗೆ ನೋವಿದೆ. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯ 63ನೇ ಕಲಂ ಅತ್ಯಾಚಾರ ಅಂದರೆ ಏನು ಅಂತ ಹೇಳುತ್ತದೆ. ಅದರಲ್ಲೇ, ಹೆಂಡತಿಗೆ 18 ತುಂಬಿದ್ದರೆ ಗಂಡ ಮಾಡಿದ್ದು ಅತ್ಯಾಚಾರ ಅಲ್ಲ ಅಂತ ವಿನಾಯಿತಿಯೂ ಇದೆ. ಈ ವಿನಾಯಿತಿ ತೆಗೆಯಿರಿ ಅಂತ 2013ರಲ್ಲೇ, ಕಾನೂನು ತಿದ್ದುಪಡಿಗೆ ಸರ್ಕಾರವೇ ನೇಮಿಸಿದ್ದ ನ್ಯಾಯಮೂರ್ತಿ ವರ್ಮಾ ಸಮಿತಿ ಹೇಳಿತ್ತು. ತೆಗೆಯಲಿಲ್ಲ. ನಮ್ಮ ಕರ್ನಾಟಕ ಹೈಕೋರ್ಟ್ 2022ರ ಮಾರ್ಚಿನಲ್ಲಿ, ಮಾಡಿದವನು ಗಂಡನೇ ಆದರೂ ಅತ್ಯಾಚಾರ ಅತ್ಯಾಚಾರವೇ ಅಂದಿತು. ಆ ಮೊಕದ್ದಮೆಗೆ ಸುಪ್ರೀಂ ಕೋರ್ಟ್ ತಡೆ ಕೊಟ್ಟಿತು. ನೇಪಾಳದಂಥ ನೆರೆಯ ದೇಶದಲ್ಲಿ ಇದು ಅಪರಾಧ, ನಮ್ಮಲ್ಲಿ ಇನ್ನೂ ಆಗಿಲ್ಲ. ಆಗಬೇಕು ಅಂತ ನಾನು ಗಟ್ಟಿಯಾಗಿ ಹೇಳುತ್ತೇನೆ.

ಆದರೆ ದಾರಿ ಪೂರಾ ಮುಚ್ಚಿಲ್ಲ. ಹೆಂಡತಿಗೆ 18 ತುಂಬಿರದಿದ್ದರೆ ಅದು ಅತ್ಯಾಚಾರವೇ, 2017ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಬೇರೆಯಾಗಿ ವಾಸ ಮಾಡುತ್ತಿರುವ ಹೆಂಡತಿಯ ಮೇಲೆ ಬಲವಂತ ಮಾಡಿದರೆ ಗಂಡನಿಗೆ ಎರಡರಿಂದ ಏಳು ವರ್ಷ ಶಿಕ್ಷೆ ಇದೆ. ಗಂಡನ ಬಲವಂತದಿಂದ ಬಸಿರು ನಿಂತರೆ, ಗರ್ಭಪಾತದ ಕಾನೂನಿನ ಮಟ್ಟಿಗೆ ಅದನ್ನೂ ಅತ್ಯಾಚಾರ ಅಂತಲೇ ಎಣಿಸಬೇಕು ಅಂತ 2022ರ ಸೆಪ್ಟೆಂಬರಿನಲ್ಲಿ ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟಿದೆ. ಎಲ್ಲಕ್ಕಿಂತ ಕೈಗೆ ಹತ್ತಿರದ್ದು 2005ರ ಕೌಟುಂಬಿಕ ಹಿಂಸೆ ತಡೆ ಕಾಯ್ದೆ. ಅದರಲ್ಲಿ ಲೈಂಗಿಕ ಹಿಂಸೆ ಅಂತ ಬಿಡಿಸಿ ಬರೆದಿದೆ. ಮದುವೆ ಆಗದೆ ಸಂಸಾರದಂತೆ ಕೂಡಿ ಬಾಳುವವರಿಗೂ ಅದು ಅನ್ವಯ. ಅವನು ಹತ್ತಿರ ಬರಬಾರದು, ಹಿಂಸೆ ಕೊಡಬಾರದು ಅಂತ ಮ್ಯಾಜಿಸ್ಟ್ರೇಟರು ಆದೇಶ ಮಾಡಬಹುದು, ಮುರಿದರೆ ಒಂದು ವರ್ಷದವರೆಗೆ ಜೈಲು. ಮನೆ ಗಂಡನ ಹೆಸರಿನಲ್ಲಿದ್ದರೂ ಅವಳನ್ನು ಅಲ್ಲಿಂದ ಸುಮ್ನೆ ಹೊರಗೆ ಹಾಕಲು ಬರುವುದಿಲ್ಲ. ದೂರು ಕೊಟ್ಟರೆ ಬೀದಿಗೆ ಬೀಳುತ್ತೇನೆ ಅನ್ನುವ ಭಯದಲ್ಲಿ ಇರುವವರು ಈ ಮಾತನ್ನು ನೆನಪಿಟ್ಟುಕೊಳ್ಳಿ.

ಎಲ್ಲಿಗೆ ಹೋಗಬೇಕು ಅಂದರೆ, 181ಕ್ಕೆ ಫೋನ್ ಮಾಡಿ, ಅದು ಹೆಣ್ಣುಮಕ್ಕಳ ಸಹಾಯವಾಣಿ. ಆ ಹೊತ್ತಿಗೇ ಜೀವಕ್ಕೆ ಅಪಾಯ ಇದ್ದರೆ 112. ಜಿಲ್ಲಾ ಕೇಂದ್ರದಲ್ಲಿ ಹಿಂಸೆ ಉಂಡ ಹೆಣ್ಣುಮಕ್ಕಳಿಗೆ ನೆರವು ಕೊಡುವ ಸರ್ಕಾರದ ಸಖಿ ಕೇಂದ್ರ ಇದೆ, ಐದು ದಿನದವರೆಗೆ ಅಲ್ಲೇ ಉಳಿಯಲು ಜಾಗ ಸಿಗುತ್ತದೆ. ತಾಲ್ಲೂಕಿನ ಶಿಶು ಅಭಿವೃದ್ಧಿ ಯೋಜನಾಧಿಕಾರಿಗಳೇ ಕೌಟುಂಬಿಕ ಹಿಂಸೆ ತಡೆ ಕಾಯ್ದೆಯಡಿ ದೂರು ತಗೊಳ್ಳುವ ಸಂರಕ್ಷಣಾಧಿಕಾರಿ, ಅಂದರೆ ಅಂಗನವಾಡಿಯವರ ಮೇಲಿನ ಆಫೀಸು. ಅಂಗನವಾಡಿ ಟೀಚರಿಗೆ ಆ ದಾರಿ ಗೊತ್ತಿರುತ್ತದೆ. ವಕೀಲರ ಫೀಸಿಗೆ ಹೆದರಬೇಡಿ, ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇರಲಿ ಕಾನೂನು ಸೇವಾ ಪ್ರಾಧಿಕಾರದಿಂದ ವಕೀಲರು ಪುಕ್ಕಟೆ, ಅದರ ನಂಬರು 15100. ಬಲವಂತ ಆಗಿದ್ದರೆ 72 ಗಂಟೆಯ ಒಳಗೆ ಆಸ್ಪತ್ರೆಗೆ ಬನ್ನಿ. ಬಸಿರು ತಡೆಯುವ ಮಾತ್ರೆ, ಎಚ್‌ಐವಿ ತಡೆಯುವ ಔಷಧಿ ಎರಡೂ ಆ ಗಡುವಿನೊಳಗೇ ಶುರುವಾಗಬೇಕು, ಎಷ್ಟು ಬೇಗ ಬಂದರೆ ಅಷ್ಟು ಒಳ್ಳೆಯದು. ದೂರು ಕೊಡುವುದು ಬಿಡುವುದು ಆಮೇಲಿನ ಮಾತು, ಔಷಧಿ ತಗೊಳ್ಳಿ.

ನರ್ಸ್, ಆಶಾ ತಂಗಿಯರಿಗೆ ಒಂದು ಬಿನ್ನಹ. ಜೊತೆಗೆ ಬಂದವರನ್ನು ಏನಾದರೂ ನೆಪ ಹೇಳಿ ಹೊರಗೆ ಕಳಿಸಿ, ಆಮೇಲೆ ಕೇಳಿ. ಹೇಳಿದ್ದನ್ನು ಅವಳು ಒಪ್ಪಿದರೆ ಮಾತ್ರ ಬರೆದುಕೊಳ್ಳಿ, ಮನೆಗೆ ಒಯ್ಯುವ ಚೀಟಿಯ ಮೇಲೆ ಬರೆಯಬೇಡಿ.

ಪಕ್ಕದ ಮನೆಯವರು ನಮಗ್ಯಾಕೆ ಅನ್ನುತ್ತೀರಿ. ಗೋಡೆಯಾಚೆ ಏನು ನಡೆಯುತ್ತಿದೆ ಅಂತ ಕಿವಿಗೆ ಬಿದ್ದಿರುತ್ತದೆ. ಇಂಥ ಮನೆಯಲ್ಲಿ ಹಿಂಸೆ ಆಗುತ್ತಿದೆ ಅಂತ ಸಂರಕ್ಷಣಾಧಿಕಾರಿಗೆ ಯಾರು ಬೇಕಾದರೂ ತಿಳಿಸಬಹುದು, ಒಳ್ಳೆಯ ಮನಸ್ಸಿನಿಂದ ತಿಳಿಸಿದವರ ಮೇಲೆ ಕೇಸು ಹಾಕಲು ಬರುವುದಿಲ್ಲ ಅಂತ ಕಾಯ್ದೆಯಲ್ಲೇ ಇದೆ. ಆದರೆ ತಿಳಿಸುವ ಮೊದಲು, ಅವಳು ನೀರಿಗೋ ಹಿಟ್ಟಿನ ಗಿರಣಿಗೋ ಒಬ್ಬಳೇ ಬಂದಾಗ, ಅವಳನ್ನು ಒಂದು ಮಾತು ಕೇಳಿ. ಯಾವಾಗ, ಯಾರಿಗೆ ತಿಳಿಸಬೇಕು ಅನ್ನುವುದನ್ನು ಅವಳೇ ಹೇಳಲಿ, ಯಾಕೆಂದರೆ ಆ ರಾತ್ರಿ ಆ ಮನೆಯಲ್ಲಿ ಇರಬೇಕಾದವಳು ಅವಳು.

ನಮಸ್ಕಾರ.