ಹ್ಯಾಮೆಲಿನ್ ಊರಿನ ಮಕ್ಕಳು

ಕೇಳುಗರಿಗೆ ನಮಸ್ಕಾರ.

ತುಂಗಾ ತೀರದ ಬೊಮ್ಮನಹಳ್ಳಿ, ಇಲಿಗಳ ಕಾಟ, ಎಲ್ಲಿಂದಲೋ ಬಂದ ಕಿಂದರಿಜೋಗಿ. ಕುವೆಂಪು ಅವರ ಈ ಪದ್ಯ ನಮಗೆಲ್ಲ ಗೊತ್ತು, ಅಲ್ವಾ? ಕಥೆಯ ತವರು ಮಾತ್ರ ಜರ್ಮನಿಯ ಹ್ಯಾಮೆಲಿನ್. 1842ರಲ್ಲಿ ರಾಬರ್ಟ್ ಬ್ರೌನಿಂಗ್ ಅದನ್ನು ಇಂಗ್ಲಿಷ್ ಪದ್ಯ ಮಾಡಿದರು. ಆ ಪದ್ಯವನ್ನು ಹಿಡಿದು 1957ರ ನವೆಂಬರಿನಲ್ಲಿ ಅಮೆರಿಕದ ಎನ್‌ಬಿಸಿ ಟಿವಿಯಲ್ಲಿ ‘ದಿ ಪೈಡ್ ಪೈಪರ್ ಆಫ್ ಹ್ಯಾಮೆಲಿನ್’ ಅನ್ನುವ ಒಂದು ಸಂಗೀತ ಚಿತ್ರ ಬಂತು. ಇವತ್ತಿನ ಮಾತು ಅದರ ಬಗ್ಗೆ.

ಇಲ್ಲಿ ಪಾತ್ರಗಳು ಪ್ರಾಸದಲ್ಲೇ ಮಾತಾಡುತ್ತವೆ. ಹಾಡುಗಳ ಧಾಟಿ ನಾರ್ವೆಯ ಸಂಗೀತಗಾರ ಗ್ರೀಗ್ ಅವರದು. ಕೊಳಲಿನವನ ಪಾತ್ರ, ಊರಿನ ಒಳ್ಳೆಯ ಮನುಷ್ಯ ಟ್ರೂಸನ್ ಪಾತ್ರ, ಎರಡೂ ನಟ ವ್ಯಾನ್ ಜಾನ್ಸನ್ ಅವರವೇ. ಮಾತಿಗೆ ತಪ್ಪುವ ಮೇಯರ್ ಆಗಿ ಕ್ಲಾಡ್ ರೇನ್ಸ್.

ನನಗೆ ತುಂಬಾ ಹಿಡಿಸಿದ್ದು ಟಿವಿಯವರು ಹೊಸದಾಗಿ ಸೇರಿಸಿದ ಒಂದು ಎಳೆ. ಬ್ರೌನಿಂಗ್ ಪದ್ಯದಲ್ಲಿ ಇಲಿಗಳು ಎಲ್ಲಿಂದ ಬಂದವು ಅನ್ನುವುದಿಲ್ಲ. ಇಲ್ಲಿ ಪಕ್ಕದ ಹ್ಯಾಮೆಲೌಟ್ ಊರು ನೆರೆಗೆ ಸಿಕ್ಕಿ ಸಹಾಯ ಕೇಳುತ್ತದೆ. ಹ್ಯಾಮೆಲಿನ್ ದೊಡ್ಡವರು ಕೈ ಚಾಚುವುದಿಲ್ಲ. ಆ ಊರಿನ ಇಲಿಗಳೇ ಇತ್ತ ನುಗ್ಗುತ್ತವೆ. ಅಂದರೆ ಕೊಳಲಿನವನಿಗೆ ಕೂಲಿ ತಪ್ಪಿಸುವ ಮೊದಲೇ ಈ ಜನ ಒಮ್ಮೆ ಕೈಬಿಟ್ಟಿದ್ದರು. ಎಷ್ಟು ಸರಿಯಾದ ಯೋಚನೆ!

ಕೊನೆ ಮಾತ್ರ ನನಗೆ ಒಪ್ಪಿಗೆಯಿಲ್ಲ. ಬೆಟ್ಟದೊಳಗೆ ಹೋದ ಮಕ್ಕಳು ಚಿತ್ರದಲ್ಲಿ ವಾಪಸ್ ಬರುತ್ತಾರೆ. ಬ್ರೌನಿಂಗ್ ಪದ್ಯದಲ್ಲಿ ಬರುವುದಿಲ್ಲ. ಅಲ್ಲಿ ಕೊಳಲಿನವನು ಕೇಳಿದ್ದು ಸಾವಿರ ಗಿಲ್ಡರ್ ನಾಣ್ಯ. ಇಲಿಗಳು ಇರುವಾಗ ಐವತ್ತು ಸಾವಿರ ಕೊಡ್ತೀವಿ ಅಂದವರು, ಅವು ಸತ್ತ ಮೇಲೆ ಬರೀ ಐವತ್ತಕ್ಕೆ ಇಳಿಯುತ್ತಾರೆ. ಬೆಲೆ ತೆತ್ತವರು ಆ ಚೌಕಾಶಿಯಲ್ಲಿ ಇಲ್ಲವೇ ಇಲ್ಲದ ಮಕ್ಕಳು. ಉಳಿದವನು ಜೊತೆಗೆ ಓಡಲಾಗದ ಒಬ್ಬ ಕುಂಟ ಹುಡುಗ.

ಇನ್ನೊಂದು ವಿಷಯ. ಹ್ಯಾಮೆಲಿನ್ನಿನ ಹಳೆಯ ಬರಹಗಳಲ್ಲಿ ಇಲಿಯ ಸುದ್ದಿಯೇ ಇಲ್ಲ. 1284ರ ಜೂನ್ 26ರಂದು 130 ಮಕ್ಕಳು ಹೋದರು, ಅಷ್ಟೇ. ಇಲಿ, ಕೂಲಿ, ಮೋಸ ಎಲ್ಲ ಕಥೆಗೆ ಸೇರಿದ್ದು ಹದಿನಾರನೇ ಶತಮಾನದಲ್ಲಿ. ಮಕ್ಕಳನ್ನು ಕಳೆದುಕೊಂಡ ನೋವು ಮೊದಲು, ಕಾರಣ ಆಮೇಲೆ. ಆ ನೋವನ್ನೇ ತೆಗೆದರೆ ಕಥೆಯಲ್ಲಿ ಉಳಿಯುವುದೇನು?

ಆದರೂ ಮಕ್ಕಳಿಗೆ ತೋರಿಸಿ. ಮೊದಲು ಕಿಂದರಿಜೋಗಿಯನ್ನು ಗಟ್ಟಿಯಾಗಿ ಓದಿಸಿ, ಆಮೇಲೆ ಚಿತ್ರ. ಯಾವ ಕೊನೆ ಸರಿ ಅಂತ ಅವರನ್ನೇ ಕೇಳಿ. ನಮಸ್ಕಾರ.