ಓಲ್ಬ್ರಿಖ್‌ಸ್ಕಿಯವರ ಕತ್ತಿ ಮತ್ತು ಕುದುರೆ

ಕೇಳುಗರೆಲ್ಲರಿಗೂ ನಮಸ್ಕಾರ. ಅಪಾಯದ ದೃಶ್ಯಗಳಲ್ಲಿ ನಾಯಕನ ಬದಲು ಡ್ಯೂಪ್ ಕಲಾವಿದರು ದುಡಿಯುವುದು ಚಿತ್ರರಂಗದ ರೂಢಿ. ಆಗ ಅವರ ಮುಖ ಕಾಣದಂತೆ ಕ್ಯಾಮೆರಾ ದೂರಕ್ಕೆ ಸರಿಯಬೇಕು, ಇಲ್ಲವೇ ಬೆನ್ನ ಹಿಂದೆ ನಿಲ್ಲಬೇಕು. ಕುದುರೆಯೇರಿದವನೂ ಕತ್ತಿ ಬೀಸುವವನೂ ಪಾತ್ರಧಾರಿಯೇ ಆಗಿದ್ದರೆ ಕ್ಯಾಮೆರಾ ನಿರ್ಭಯವಾಗಿ ಹತ್ತಿರ ಬರಬಹುದು. ಕಾದಾಟದ ನಡುವೆಯೂ ಅಭಿನಯ ತುಂಡಾಗುವುದಿಲ್ಲ. ಅನೇಕ ಸಾಹಸಗಳನ್ನು ತಾವೇ ನಿರ್ವಹಿಸಿದ ಪೋಲೆಂಡಿನ ನಟ ದಾನಿಯೆಲ್ ಓಲ್ಬ್ರಿಖ್‌ಸ್ಕಿಯವರ ಹಿರಿಮೆ ಇರುವುದು ಇಲ್ಲಿಯೇ ಎಂದು ನಾನು ನಂಬಿದ್ದೇನೆ.

1945ರ ಫೆಬ್ರುವರಿ 27ರಂದು ವೋವಿಚ್ ಪಟ್ಟಣದಲ್ಲಿ ಜನಿಸಿದ ಅವರು, ವಾರ್ಸಾದ ನಾಟಕಶಾಲೆಯ ವಿದ್ಯಾರ್ಥಿಯಾಗಿದ್ದಾಗಲೇ ಚಿತ್ರರಂಗಕ್ಕೆ ಬಂದರು. ನೆಪೋಲಿಯನ್ನನ ಕಾಲದ ಯುದ್ಧಗಳನ್ನು ಕುರಿತ, ನಿರ್ದೇಶಕ ಆಂಜೇ ವಾಯ್ದಾ ಅವರ 'ಪೊಪಿಯೋವಿ' 1965ರಲ್ಲಿ ತೆರೆಕಂಡಾಗ, ಅದರ ಮುಖ್ಯ ಪಾತ್ರ ವಹಿಸಿದ್ದ ಓಲ್ಬ್ರಿಖ್‌ಸ್ಕಿಯವರಿಗೆ ಇನ್ನೂ ಇಪ್ಪತ್ತು ವರ್ಷ. ಮರುವರ್ಷವೇ 'ಬೋಕ್ಸೆರ್' ಚಿತ್ರದಲ್ಲಿ ಅವರು ಬಾಕ್ಸಿಂಗ್ ಪಟುವಾಗಿ ಕಾಣಿಸಿಕೊಂಡರು.

1969ರಲ್ಲಿ ಯೇಜಿ ಹಾಫ್‌ಮನ್ ಅವರು ಹೆನ್ರಿಕ್ ಶೆಂಕ್ಯೇವಿಚ್ ಅವರ ಕಾದಂಬರಿಯೊಂದನ್ನು ಚಿತ್ರವಾಗಿಸಿದಾಗ, ಓಲ್ಬ್ರಿಖ್‌ಸ್ಕಿ ತಾತಾರ ಯುವಕ ಆಜ್ಯಾನ ಖಳಪಾತ್ರವನ್ನು ವಹಿಸಿದ್ದರು. ಅದೇ ಕಾದಂಬರಿಕಾರರ 'ಪೋತೋಪ್' ಚಿತ್ರಕ್ಕಿಳಿಯುವ ಹೊತ್ತಿಗೆ, ಪೋಲೆಂಡಿನ ಓದುಗರ ಮೆಚ್ಚಿನ ವೀರ ಕ್ಮಿಚಿತ್ಸ್‌ನ ಪಾತ್ರವೂ ಅವರಿಗೇ ದೊರೆತದ್ದು ಹಲವರನ್ನು ಕೆರಳಿಸಿತು. ಆಯ್ಕೆಯನ್ನು ವಿರೋಧಿಸಿ ಜನ ಪತ್ರಗಳನ್ನು ಬರೆದರು. 1655ರಲ್ಲಿ ಸ್ವೀಡನ್ ಪೋಲೆಂಡಿನ ಮೇಲೆ ನಡೆಸಿದ ದಾಳಿಯ ಹಿನ್ನೆಲೆಯುಳ್ಳ, ಐದು ಗಂಟೆಗೂ ಮೀರಿದ ಆ ಚಿತ್ರ 1974ರಲ್ಲಿ ತೆರೆಕಂಡಿತು. ಮುಂದೆ ಆಸ್ಕರ್ ನಾಮನಿರ್ದೇಶನವನ್ನೂ ಪಡೆಯಿತು.

ಅದರ ದ್ವಂದ್ವಯುದ್ಧದ ದೃಶ್ಯವನ್ನು ಸ್ವಲ್ಪ ನಿಧಾನವಾಗಿಯೇ ಗಮನಿಸಬೇಕು. ಸುರಿಯುವ ಮಳೆ, ಕಾಲಡಿಯಲ್ಲಿ ಕೆಸರು; ಕ್ಮಿಚಿತ್ಸ್‌ನ ಎದುರಿಗೆ ನಿಂತವನು ನಾಡಿನಲ್ಲೇ ಹೆಸರಾದ ಕತ್ತಿವರಸೆಗಾರ, ಗಿಡ್ಡ ದೇಹದ ವೊವೊದಿಯೋವ್‌ಸ್ಕಿ. ಆ ಪಾತ್ರ ತಾದೇವುಷ್ ವೊಮ್ನಿತ್ಸ್ಕಿಯವರದು. ಸೊಕ್ಕಿನಿಂದ ಕತ್ತಿ ಹಿರಿದ ಕ್ಮಿಚಿತ್ಸ್ ತನ್ನ ಪ್ರತಿಯೊಂದು ಏಟೂ ಲೀಲಾಜಾಲವಾಗಿ ತಡೆಯಲ್ಪಡುವುದನ್ನು ಕಂಡು ಮೊದಲು ಬೆರಗಾಗುತ್ತಾನೆ, ಬಳಿಕ ರೇಗುತ್ತಾನೆ, ಕೊನೆಗೆ ಈ ಅವಮಾನವನ್ನು ಬೇಗ ಮುಗಿಸಿಬಿಡೆಂದು ಎದುರಾಳಿಯನ್ನೇ ಕೇಳಿಕೊಳ್ಳುತ್ತಾನೆ. ಈ ಬದಲಾವಣೆಗಳೆಲ್ಲ ಕತ್ತಿ ಹಿಡಿದ ತೋಳು ಸೋಲುತ್ತ ಹೋಗುವುದರಲ್ಲಿ, ಮಳೆಯಲ್ಲಿ ತೊಯ್ದ ಮುಖದಲ್ಲಿ ಒಟ್ಟಿಗೇ ಕಾಣಬೇಕು. ತೋಳು ಒಬ್ಬರದು, ಮುಖ ಇನ್ನೊಬ್ಬರದು ಆಗಿದ್ದರೆ ಇದು ಬರಿಯ ಕತ್ತಿವರಸೆಯ ಪ್ರದರ್ಶನವಾಗಿ ಉಳಿಯುತ್ತಿತ್ತು. ವಿರೋಧಿಸಿದವರಿಗೆ ಇದಕ್ಕಿಂತ ಒಳ್ಳೆಯ ಉತ್ತರ ಬೇಕಿರಲಿಲ್ಲ.

ಕತ್ತಿ, ಕುದುರೆಗಳಿಲ್ಲದ ಪಾತ್ರಗಳಲ್ಲಿಯೂ ಅವರು ಹಿಂದೆ ಬೀಳಲಿಲ್ಲ. ವಾಯ್ದಾ ಅವರ 'ಜೆಮ್ಯಾ ಒಬಿಯೆತ್ಸಾನಾ'ದಲ್ಲಿ ಲೋಜ್ ನಗರದ ಹಣದಾಹಿ ಉದ್ಯಮಿಯಾದರು, 1979ರಲ್ಲಿ ಫೋಲ್ಕರ್ ಶ್ಲೋಂಡಾರ್ಫ್ ಅವರ ಜರ್ಮನ್ ಚಿತ್ರದಲ್ಲಿ ಮೃದು ಸ್ವಭಾವದ ಯಾನ್ ಬ್ರೋನ್‌ಸ್ಕಿಯಾದರು. 1999ರಲ್ಲಿ ಹಾಫ್‌ಮನ್ ಅವರು ಶೆಂಕ್ಯೇವಿಚ್ ಅವರ ಕೃತಿಸರಣಿಗೆ ಮರಳಿ 'ಓಗ್ನ್ಯೆಮ್ ಇ ಮ್ಯೇಚೆಮ್' ನಿರ್ದೇಶಿಸಿದಾಗ, ಮೂವತ್ತು ವರ್ಷಗಳ ಹಿಂದೆ ಆಜ್ಯಾ ಆಗಿದ್ದ ಓಲ್ಬ್ರಿಖ್‌ಸ್ಕಿ ಈ ಬಾರಿ ಆಜ್ಯಾನ ತಂದೆ, ತಾತಾರರ ದಂಡನಾಯಕ ತುಹಾಯ್ ಬೇಯ್ ಆಗಿ ತೆರೆಯ ಮೇಲೆ ಬಂದರು.