ಈ ಡೈರೆಕ್ಟರ್ ಹೆಸರಲ್ಲಿ ಒಂದು ಬೀದಿಯೂ ಕಾಣಲಿಲ್ಲ | ಕಲ್ವರ್ ಸಿಟಿ ವ್ಲಾಗ್

ಈ ದೊಡ್ಡ ಕಂಬಗಳ ಸಾಲು ನೋಡಿ. ಇದು ಕಲ್ವರ್ ಸಿಟಿ, ಲಾಸ್ ಏಂಜಲೀಸ್‌ಗೆ ಅಂಟಿಕೊಂಡಿರುವ ಊರು. ರಸ್ತೆ ವಾಷಿಂಗ್ಟನ್ ಬೂಲೆವಾರ್ಡ್. ಹಾಲಿವುಡ್‌ನ ಎಂಜಿಎಂ ಸ್ಟುಡಿಯೋಗೆ ಒಂದು ಕಾಲದಲ್ಲಿ ಇದೇ ಹೆಬ್ಬಾಗಿಲು. ಈಗ ಒಳಗೆ ಸೋನಿ ಪಿಕ್ಚರ್ಸ್. ಎಂಜಿಎಂ ಗುರುತಿನ ಸಿಂಹ ಮನೆ ಖಾಲಿ ಮಾಡಿ ಬಹಳ ಕಾಲವಾಯಿತು, ಕಂಬಗಳು ಹಾಗೇ ಇವೆ.

ಇವತ್ತಿನ ಮಾತು ಡೈರೆಕ್ಟರ್ ಚಾರ್ಲ್ಸ್ ವಾಲ್ಟರ್ಸ್ ಬಗ್ಗೆ. ಹೆಸರು ಕೇಳಿಲ್ಲ ಅಲ್ವಾ? ಎಂಜಿಎಂ ಹಾಡಿನ ಸಿನಿಮಾ ಮಾಡಿದ ಡೈರೆಕ್ಟರ್ ಅಂದ ತಕ್ಷಣ ವಿನ್ಸೆಂಟ್ ಮಿನೆಲಿ ಅನ್ನುತ್ತಾರೆ, ಸ್ಟ್ಯಾನ್ಲಿ ಡೋನನ್ ಅನ್ನುತ್ತಾರೆ, ಅಲ್ಲಿಗೆ ಪಟ್ಟಿ ಮುಗಿಯುತ್ತದೆ. ಈ ಗೋಡೆಯೊಳಗೆ 20 ವರ್ಷಕ್ಕೂ ಜಾಸ್ತಿ ದುಡಿದ ವಾಲ್ಟರ್ಸ್ ಅವರನ್ನು ಕಂಪನಿ ಕೊಟ್ಟ ಕೆಲಸ ಮುಗಿಸಿದ ಮನುಷ್ಯ ಅಂತ ಪಕ್ಕಕ್ಕೆ ಇಡುತ್ತಾರೆ.

ಸಿನಿಮಾ ತುಣುಕು ಯಾಕೆ ಹಾಕಿಲ್ಲ ಅಂತ ಕೇಳಬೇಡಿ. ಹತ್ತು ಸೆಕೆಂಡ್ ಹಾಕಿದರೂ ಕಾಪಿರೈಟ್ ಸ್ಟ್ರೈಕ್ ಬಂದು ಕೂರುತ್ತದೆ. ಗೋಡೆ ನೋಡುತ್ತಾ ಕೇಳಿಸಿಕೊಳ್ಳಿ.

ಹುಟ್ಟಿದ್ದು 1911ರಲ್ಲಿ. ಬೆಳೆದದ್ದು ಅನಹೈಮ್‌ನಲ್ಲಿ. ಡಿಸ್ನಿಲ್ಯಾಂಡ್ ಬರುವ ಮೊದಲು ಅದು ಕಿತ್ತಳೆ ತೋಟಗಳ ಊರು. ಅಲ್ಲಿಂದ ನ್ಯೂಯಾರ್ಕ್‌ಗೆ ಹೋಗಿ ಬ್ರಾಡ್‌ವೇ ನಾಟಕಗಳಲ್ಲಿ ಕುಣಿದರು. ಹಿಂದಿನ ಸಾಲಿನ ಡಾನ್ಸರ್ ಅಂದುಕೊಳ್ಳಬೇಡಿ, ಮುಂದೆ ನಿಂತು ಹಾಡಿದವರು. 1939ರ ‘ಡುಬ್ಯಾರಿ ವಾಸ್ ಎ ಲೇಡಿ’ ನಾಟಕಕ್ಕೆ ಹಾಡು ಬರೆದದ್ದು ಕೋಲ್ ಪೋರ್ಟರ್. ಅದರಲ್ಲಿ ‘ವೆಲ್, ಡಿಡ್ ಯೂ ಎವಾ’ ಅಂತ ಒಂದು ತರಲೆ ಹಾಡಿದೆ. ಮೊಟ್ಟಮೊದಲು ಅದನ್ನು ಸ್ಟೇಜ್ ಮೇಲೆ ಹಾಡಿದ ಜೋಡಿ ಬೆಟ್ಟಿ ಗ್ರೇಬಲ್ ಮತ್ತು ನಮ್ಮ ವಾಲ್ಟರ್ಸ್. ಈ ಹಾಡಿನ ಹೆಸರು ನೆನಪಿರಲಿ.

ಈ ಶಾಟ್ ಇಟ್ಟಿರುವುದು ಸಿಟ್ಟಿಗೆ. ಸ್ಟುಡಿಯೋದಿಂದ ಸ್ವಲ್ಪ ದೂರದ ಒಂದು ಪಾರ್ಕಿಂಗ್ ಜಾಗ. ಆಳಿಲ್ಲ, ಮೆಷಿನ್ನೂ ಇಲ್ಲ. ಕಂಬಕ್ಕೆ ಒಂದು ಕ್ಯೂಆರ್ ಕೋಡ್. ಅದರ ಅರ್ಧದ ಮೇಲೆ ಯಾರೋ ಯಾವುದೋ ಬ್ಯಾಂಡಿನ ಸ್ಟಿಕ್ಕರ್ ಅಂಟಿಸಿದ್ದಾರೆ. ಉಗುರಿನಿಂದ ಕೆರೆದು ಸ್ಕ್ಯಾನ್ ಮಾಡಿದರೆ ಆ್ಯಪ್ ಹಾಕಿಕೋ ಅನ್ನುತ್ತದೆ. ಹಾಕಿಕೊಂಡರೆ ಫೋನ್ ನಂಬರ್ ಕೊಡು, ಗಾಡಿ ನಂಬರ್ ಕೊಡು, ಗಾಡಿ ಬಣ್ಣ ಹೇಳು. ಬಣ್ಣ ಯಾಕಪ್ಪಾ ನಿನಗೆ? ಹೆಣ್ಣು ಕೊಡುತ್ತೀಯಾ? ಬೋರ್ಡಿನ ಮೇಲೆ ಬರೆದಿರುವುದು 12 ಡಾಲರ್. ಕೊನೆಗೆ ಸ್ಕ್ರೀನ್ ಮೇಲೆ ಬಂದದ್ದು 15 ಡಾಲರ್ 45 ಸೆಂಟ್. ಮಧ್ಯೆ ಸೇರಿಕೊಂಡದ್ದು ಕನ್ವೀನಿಯನ್ಸ್ ಫೀ. ಯಾರಿಗೆ ಕನ್ವೀನಿಯನ್ಸ್? ಸ್ಟಿಕ್ಕರ್ ಕೆರೆದವಳು ನಾನು, ಬಿಸಿಲಲ್ಲಿ ನಿಂತು ನಂಬರ್ ಕುಟ್ಟಿದವಳು ನಾನು. ಡಾಲರನ್ನು ರೂಪಾಯಿಗೆ ಗುಣಿಸಬೇಡ ಅಂತ ಇಲ್ಲಿಗೆ ಬಂದ ಹೊಸತರಲ್ಲಿ ಎಲ್ಲರೂ ಬುದ್ಧಿ ಹೇಳುತ್ತಾರೆ. ಗುಣಿಸದೆ ಇರಲು ಆಗುತ್ತದಾ? ಇಷ್ಟು ಸಾಲದು ಅಂತ ಆಮೇಲೆ ಮೆಸೇಜ್ ಬಂತು, ಟೈಮ್ ಮುಗಿಯುತ್ತಿದೆ, ಮುಂದುವರಿಸಬೇಕಾ ಅಂತ. ಅದಕ್ಕೂ ಇನ್ನೊಂದು ಕನ್ವೀನಿಯನ್ಸ್ ಫೀ. ನನ್ನ ಹತ್ತಿರ ಇನ್ನೂ ಹೇಳುವುದಿತ್ತು, ಆದರೆ ಶಾಟ್ ಮುಗಿಯಿತು.

ಹಾಂ, ಈಗ ಬಂದಿರುವುದು ಗಾರ್ಲೆಂಡ್ ಡ್ರೈವ್. ಎಂಜಿಎಂ ಮಾರಿಕೊಂಡ ಬ್ಯಾಕ್‌ಲಾಟ್ ಮೇಲೆ ಎದ್ದ ಬಡಾವಣೆ. ಹಿಂದೆ ಇಲ್ಲಿ ಸಿನಿಮಾಗಾಗಿ ಕಟ್ಟಿದ ಬೀದಿಗಳಿದ್ದವು, ಈಗ ನಿಜವಾದ ಬೀದಿಗಳು. ಗ್ಯಾರೇಜ್ ಬಾಗಿಲು, ನೀಲಿ ಕಸದ ಡಬ್ಬ, ಒಂದು ಮುದಿ ನಾಯಿ. ಹಾಡುವ ನಟಿ ಜೂಡಿ ಗಾರ್ಲೆಂಡ್ ಹೆಸರಿಗೆ ಒಂದು ರಸ್ತೆ, ಕುಣಿಯುವ ನಟ ಫ್ರೆಡ್ ಆಸ್ಟೇರ್ ಹೆಸರಿಗೆ ಒಂದು. ಇವರಿಬ್ಬರನ್ನೂ ಒಟ್ಟಿಗೆ ಕುಣಿಸಿದವನ ಹೆಸರು ನಾನು ಸುತ್ತಿದ ಕಡೆ ಎಲ್ಲೂ ಕಾಣಲಿಲ್ಲ.

1942ರಲ್ಲಿ ವಾಲ್ಟರ್ಸ್ ಎಂಜಿಎಂಗೆ ಬಂದದ್ದು ಡಾನ್ಸ್ ಮಾಸ್ಟರ್ ಆಗಿ. ‘ಗರ್ಲ್ ಕ್ರೇಜಿ’ಯಲ್ಲಿ ಗಾರ್ಲೆಂಡ್ ಜೊತೆ ತಾವೇ ಹೆಜ್ಜೆ ಹಾಕಿದ್ದಾರೆ. 1944ರ ‘ಮೀಟ್ ಮಿ ಇನ್ ಸೇಂಟ್ ಲೂಯಿಸ್’ನಲ್ಲಿ ಟ್ರಾಲಿ ಹಾಡು ಇದೆಯಲ್ಲ, ಅದನ್ನು ಹೊಗಳುವವರೆಲ್ಲ ಮಿನೆಲಿ ಮಿನೆಲಿ ಅನ್ನುತ್ತಾರೆ. ಡಾನ್ಸ್ ಡೈರೆಕ್ಟರ್ ಅಂತ ಟೈಟಲ್‌ನಲ್ಲಿ ಇರುವುದು ವಾಲ್ಟರ್ಸ್ ಹೆಸರು. ಟೈಟಲ್ ಯಾರು ಓದುತ್ತಾರೆ ಹೇಳಿ.

1947ರಲ್ಲಿ ‘ಗುಡ್ ನ್ಯೂಸ್’ ಮಾಡಿ ಡೈರೆಕ್ಟರ್ ಆದರು. ಮುಂದಿನ ವರ್ಷವೇ ‘ಈಸ್ಟರ್ ಪರೇಡ್’. ಅದೂ ಇವರಿಗೆ ಅಂತ ಇಟ್ಟದ್ದಲ್ಲ. ಮಿನೆಲಿ ಮಾಡಬೇಕಿತ್ತು, ಅವರು ಆಗ ಗಾರ್ಲೆಂಡ್ ಗಂಡ. ಸೆಟ್ಟಿನಲ್ಲೂ ಗಂಡನೇ ಇರುವುದು ಬೇಡ ಅಂತ ಮಿನೆಲಿಯನ್ನು ಬಿಡಿಸಿ ವಾಲ್ಟರ್ಸ್‌ಗೆ ಕೊಟ್ಟರು. ಅಷ್ಟರಲ್ಲಿ ಹೀರೊ ಜೀನ್ ಕೆಲಿ ಆಟವಾಡಲು ಹೋಗಿ ಕಾಲು ಮುರಿದುಕೊಂಡರು. ನಿವೃತ್ತಿ ಅಂತ ಹೇಳಿ ಮನೆಯಲ್ಲಿದ್ದ ಆಸ್ಟೇರ್ ಅವರನ್ನು ಕರೆಸಿದರು. ಹೊಸ ಡೈರೆಕ್ಟರ್, ಬದಲಿ ಹೀರೊ. ಪಿಕ್ಚರ್ ಭರ್ಜರಿ ಓಡಿತು.

ನನ್ನ ಪ್ರಕಾರ ವಾಲ್ಟರ್ಸ್ ಏನು ಅಂತ ತಿಳಿಯಲು 1950ರ ‘ಸಮ್ಮರ್ ಸ್ಟಾಕ್’ ಸಾಕು. ಕಥೆ ಅಂತ ಏನೂ ಇಲ್ಲ. ಹೊಲ, ಟ್ರ್ಯಾಕ್ಟರ್, ಕಣಜದಲ್ಲಿ ನಾಟಕ. ಗಾರ್ಲೆಂಡ್ ಶೂಟಿಂಗ್ ಉದ್ದಕ್ಕೂ ಹುಷಾರಿಲ್ಲದೆ ಒದ್ದಾಡಿದರು. ಎಲ್ಲ ಮುಗಿದ ಮೇಲೆ ಕೊನೆಗೊಂದು ಜೋರಾದ ಹಾಡು ಬೇಕು ಅನ್ನಿಸಿ, ಸುಮಾರು ಎರಡು ತಿಂಗಳ ನಂತರ ‘ಗೆಟ್ ಹ್ಯಾಪಿ’ ತೆಗೆದರು. ಅಷ್ಟರಲ್ಲಿ ಗಾರ್ಲೆಂಡ್ ಸಣ್ಣಗಾಗಿದ್ದರು, ಬೇರೆ ಸಿನಿಮಾದಿಂದ ನಡೆದು ಬಂದ ಹಾಗಿದ್ದಾರೆ. ಕಪ್ಪು ಕೋಟು, ಕಣ್ಣಿನ ಮೇಲೆ ಬಾಗಿದ ಕಪ್ಪು ಹ್ಯಾಟು, ಕಪ್ಪು ಸ್ಟಾಕಿಂಗ್ಸ್. ಸುತ್ತ ಕಪ್ಪು ಸೂಟಿನ ಗಂಡಸರು. ಆ ಕೋಟು ‘ಈಸ್ಟರ್ ಪರೇಡ್’ನ ಒಂದು ಹಾಡಿಗೆ ಹೊಲಿಸಿದ್ದು, ಆ ಹಾಡನ್ನು ಎಡಿಟಿಂಗ್‌ನಲ್ಲಿ ಕತ್ತರಿಸಿದ್ದರು. ಹೆಜ್ಜೆ ಕೂಡಿಸಿದ್ದು ವಾಲ್ಟರ್ಸ್ ತಾವೇ. ಗಮನಿಸಿ ನೋಡಿ, ಗಾರ್ಲೆಂಡ್ ಜಾಸ್ತಿ ಕುಣಿಯುವುದೇ ಇಲ್ಲ. ಭುಜ ಸ್ವಲ್ಪ, ಸೊಂಟ ಸ್ವಲ್ಪ, ಕೈಬೆರಳು ಹ್ಯಾಟಿನ ಅಂಚಿಗೆ. ಓಡಾಟವೆಲ್ಲ ಆ ಗಂಡಸರದ್ದು. ಕಣ್ಣು ಮಾತ್ರ ಗಾರ್ಲೆಂಡ್ ಬಿಟ್ಟು ಕದಲುವುದಿಲ್ಲ. ಎಂಜಿಎಂನಲ್ಲಿ ಅದೇ ಗಾರ್ಲೆಂಡ್ ಕೊನೆಯ ಸಿನಿಮಾ.

ಹಾಗಂತ ಎಲ್ಲವೂ ಚಿನ್ನ ಅಲ್ಲ. ‘ಟಾರ್ಚ್ ಸಾಂಗ್’, 1953. ಬಿಳಿಯ ನಟಿ ಜೋನ್ ಕ್ರಾಫರ್ಡ್ ಮುಖಕ್ಕೆ, ಕಪ್ಪು ಜನರ ಹಾಗೆ ಕಾಣಲಿ ಅಂತ, ಕಂದು ಬಣ್ಣ ಬಳಿದು ಒಂದು ಹಾಡು ಮಾಡಿಸಿದ್ದಾರೆ. ದರಿದ್ರ. ಆ ಕಾಲದಲ್ಲಿ ನಡೆಯುತ್ತಿತ್ತು ಅನ್ನುವ ಸಮಜಾಯಿಷಿ ನನಗೆ ಬೇಡ. ಅದೇ ಸಿನಿಮಾದ ಶುರುವಿನಲ್ಲಿ ಕ್ರಾಫರ್ಡ್ ಕೈಯಲ್ಲಿ ಬೈಸಿಕೊಳ್ಳುವ ಡಾನ್ಸರ್ ಪಾತ್ರ ವಾಲ್ಟರ್ಸ್ ಅವರದೇ. ಅದೇ ವರ್ಷ ‘ಲಿಲಿ’ ಬಂತು, ಲೆಸ್ಲಿ ಕರಾನ್ ಗೊಂಬೆಗಳ ಜೊತೆ ಮಾತಾಡುವ ಚಿತ್ರ. ಅದಕ್ಕೆ ಬೆಸ್ಟ್ ಡೈರೆಕ್ಟರ್ ಆಸ್ಕರ್ ನಾಮಿನೇಷನ್. ಗೆದ್ದದ್ದು ಫ್ರೆಡ್ ಜಿನ್ನೆಮನ್. ‘ಲಿಲಿ’ ನನಗೆ ಸ್ವಲ್ಪ ಸಕ್ಕರೆ ಜಾಸ್ತಿ. ಗೊಂಬೆಗಳ ಎದುರು ಕರಾನ್ ಮುಖ ಬದಲಾಗುವ ರೀತಿಗೆ ಮಾತ್ರ ಸೋತೆ.

ಈಗ ಆ ಹಾಡಿಗೆ ಬರೋಣ. 1956, ‘ಹೈ ಸೊಸೈಟಿ’. ಗ್ರೇಸ್ ಕೆಲಿ, ಬಿಂಗ್ ಕ್ರಾಸ್ಬಿ, ಫ್ರಾಂಕ್ ಸಿನಾಟ್ರಾ, ಲೂಯಿ ಆರ್ಮ್‌ಸ್ಟ್ರಾಂಗ್. ಇಷ್ಟು ಜನ ಇದ್ದೂ ಅರ್ಧ ಸಿನಿಮಾ ಆಕಳಿಕೆ. ಕ್ರಾಸ್ಬಿ, ಸಿನಾಟ್ರಾ ಇಬ್ಬರನ್ನೂ ಹಾಕಿಕೊಂಡು ಜೋಡಿ ಹಾಡು ಇಲ್ಲದಿದ್ದರೆ ಹೇಗೆ? ಪೋರ್ಟರ್ ಹಳೆ ಗಂಟಿನಿಂದ ಹೊರಗೆ ಬಂದದ್ದು ‘ವೆಲ್, ಡಿಡ್ ಯೂ ಎವಾ’. 17 ವರ್ಷದ ಹಿಂದೆ ಅದನ್ನು ತಾವೇ ಹಾಡಿ ಕುಣಿದ ಮನುಷ್ಯ ಈಗ ಕ್ಯಾಮೆರಾ ಹಿಂದೆ. ಹೊರಗೆ ಪಾರ್ಟಿ, ಒಳಗಿನ ಕೋಣೆಯಲ್ಲಿ ಇಬ್ಬರು ಕುಡುಕರು. ಕ್ಯಾಮೆರಾ ಅವರ ಹಿಂದೆ ಹಿಂದೆ ಆರಾಮಾಗಿ ಹೋಗುತ್ತದೆ, ಸುಮ್ನೆ ಸುಮ್ನೆ ಕಟ್ ಮಾಡುವುದಿಲ್ಲ. ಇಬ್ಬರು ಸ್ಟಾರ್‌ಗಳು ಒಬ್ಬರ ಕಾಲು ಒಬ್ಬರು ಎಳೆಯುತ್ತಾ ಅಲ್ಲೇ ಹುಟ್ಟಿಸಿದ ಹಾಡಿನ ಹಾಗಿದೆ. ಸರಿ, ಆಕಳಿಕೆ ಅಂದದ್ದನ್ನು ವಾಪಸ್ ತೆಗೆದುಕೊಂಡೆ. ಇದೊಂದಕ್ಕೆ ಇಡೀ ಸಿನಿಮಾ ಕೂರಬಹುದು.

ಆಮೇಲೆ ಡೋರಿಸ್ ಡೇ ಜೊತೆ ಎರಡು, ಡೆಬ್ಬಿ ರೆನಾಲ್ಡ್ಸ್ ಜೊತೆ 1964ರ ‘ದಿ ಅನ್‌ಸಿಂಕೆಬಲ್ ಮಾಲಿ ಬ್ರೌನ್’. ಅದು ಗದ್ದಲ ಸ್ವಾಮಿ, ತಲೆನೋವು. ರೆನಾಲ್ಡ್ಸ್‌ಗೆ ಆಸ್ಕರ್ ನಾಮಿನೇಷನ್ ಸಿಕ್ಕಿತು, ನನಗೆ ಮಾತ್ರೆ ಬೇಕಾಯಿತು. ಥಿಯೇಟರಿಗೆ ಮಾಡಿದ ಕೊನೆಯದು 1966ರ ‘ವಾಕ್, ಡೋಂಟ್ ರನ್’, ಟೋಕಿಯೋ ಒಲಿಂಪಿಕ್ಸ್ ನಡುವೆ ನಡೆಯುವ ಕಥೆ. ಕ್ಯಾರಿ ಗ್ರಾಂಟ್‌ಗೂ ಅದೇ ಕೊನೆಯ ಸಿನಿಮಾ. ಅದನ್ನು ತೆಗೆದದ್ದು ಕೊಲಂಬಿಯಾ ಸ್ಟುಡಿಯೋ. ಇವತ್ತು ಕೊಲಂಬಿಯಾ ಸೋನಿಯವರದು, ಆಗಲೇ ತೋರಿಸಿದ ಎಂಜಿಎಂ ಜಾಗದಲ್ಲಿ ಕೂತಿರುವುದೂ ಅವರೇ. ವಾಲ್ಟರ್ಸ್ 1982ರಲ್ಲಿ ಮಾಲಿಬುನಲ್ಲಿ ತೀರಿಕೊಂಡರು. ಈ ಅದಲು ಬದಲು ನೋಡಲಿಲ್ಲ.

ಬ್ಯಾಟರಿ ಕೆಂಪಾಗಿದೆ, ಬೇಗ ಹೇಳುತ್ತೇನೆ. ಯಾವುದರಿಂದ ಶುರು ಮಾಡಲಿ ಅನ್ನುವವರು ‘ಗುಡ್ ನ್ಯೂಸ್’ ಹಾಕಿಕೊಳ್ಳಿ. 1927ರ ಕಾಲೇಜಿನ ಕಥೆ. ಜೂನ್ ಆಲಿಸನ್ ಹೀರೊಗೆ ಫ್ರೆಂಚ್ ಪಾಠ ಹೇಳಿಕೊಡುವ ಹಾಡು ಮಜವಾಗಿದೆ. ವಿದ್ಯಾರ್ಥಿಗಳೆಲ್ಲ ಹೋಮ್ ಲೋನ್ ಕಟ್ಟುವ ವಯಸ್ಸಿನವರ ಹಾಗೆ ಕಾಣುತ್ತಾರೆ, ಅದಕ್ಕೆ ತಲೆ ಕೆಡಿಸಿಕೊಳ್ಳಬೇಡಿ.